ಮಾಬ್ಲಣ್ಣನ ಪೆಟ್ಟು

ಮಾಬ್ಲಣ್ಣ ಮೊದಲು ಹೊಡೆಯುತ್ತಿದ್ದ, ಆಮೇಲೆ ವಿಚಾರಿಸುತ್ತಿದ್ದ. ರೇಡಿಯೋ ಗೊರಗೊರ ಅಂದರೆ ಅದರ ನೆತ್ತಿಗೊಂದು, ಸ್ಟವ್ ಹತ್ತದಿದ್ದರೆ ಅದರ ಹೊಟ್ಟೆಗೊಂದು, ಬಾಗಿಲು ಬಿಗಿಯಾದರೆ ಒದೆ. ನಮ್ಮ ಶಾಲೆಯ ಗಂಟೆ ಎಂದರೆ ಮಾವಿನ ಕೊಂಬೆಗೆ ನೇತುಹಾಕಿದ ರೈಲು ಹಳಿಯ ತುಂಡು. ಜವಾನನಾಗಿದ್ದ ಅವನು ಅದನ್ನು ಬಾರಿಸುತ್ತಿರಲಿಲ್ಲ, ಅದರ ಮೇಲೆ ಹಳೆಯ ದ್ವೇಷ ಇದ್ದವನಂತೆ ಬಡಿಯುತ್ತಿದ್ದ. ಮೊದಲ ದಿನ ಆ ಸದ್ದಿಗೆ ನನ್ನ ಕೈಯಲ್ಲಿದ್ದ ಚಹದ ಲೋಟ ಸೀರೆಯ ಮೇಲೆ ಮಗುಚಿತು. ‘ಏನ್ರಿ, ಹುಡುಗರನ್ನ ಕರೀತೀರೋ ಓಡಸ್ತೀರೋ?’ ಎಂದು ಕೇಳಿದೆ. ಹೊಸದಾಗಿ ಬಂದ ಹೆಂಗಸೊಬ್ಬಳು ಹೀಗೆ ಕೇಳಿದ್ದು ಅವನಿಗೆ ಇಷ್ಟವಾಯಿತೋ ಏನೋ, ಅವತ್ತಿನಿಂದ ನಾನು ಅವನ ಪಾಲಿಗೆ ‘ಅಕ್ಕೋರು’ ಆದೆ. ಉಳಿದ ಮಾಸ್ತರುಗಳನ್ನೆಲ್ಲ ಬೆನ್ನ ಹಿಂದೆ ಹೆಸರು ಹಿಡಿದೇ ಬಯ್ಯುತ್ತಿದ್ದ.

ನಾನು ಹಾವೇರಿ ಕಡೆಯವಳು. ತೊಂಬತ್ತರ ದಶಕದ ನಡುವೆ ಸಿದ್ದಾಪುರದ ಕಡೆಯ ಆ ಹೈಸ್ಕೂಲಿಗೆ ಪಿ.ಟಿ. ಟೀಚರಾಗಿ ಬಂದೆ. ಕುತ್ತಿಗೆಯಲ್ಲಿ ಸೀಟಿ, ಬಾಯಲ್ಲಿ ನಮ್ಮ ಕಡೆಯ ಗಡಸು ಮಾತು. ಈ ಊರಿನ ಮಂದಿ ಮೆಲ್ಲಗೆ ಮಾತಾಡುತ್ತಾರೆ, ಜಗಳವನ್ನೂ ಬಾಯಿಗೆ ಎಲೆಯಡಿಕೆಯ ಕವಳ ಹಾಕಿಕೊಂಡು ಆಡುತ್ತಾರೆ. ಅವರ ನಡುವೆ ಮಾಬ್ಲಣ್ಣನೊಬ್ಬ ಹೇಗೆ ಹುಟ್ಟಿದನೋ ಆ ದೇವರಿಗೇ ಗೊತ್ತು. ಗಿಡ್ಡ ಆಳು, ಅಗಲ ಎದೆ, ಮುಂದಲೆ ಪೂರಾ ಬೋಳು, ಹಿಂದೆ ಒಂದು ಹಿಡಿ ಜುಟ್ಟು. ಪ್ರಾಯದಲ್ಲಿ ಮೂರು ತಾಲ್ಲೂಕಿಗೆ ಹೆಸರಾದ ವಾಲಿಬಾಲ್ ಆಟಗಾರ. ಅವನ ಸ್ಮ್ಯಾಷ್ ಎದೆಗೆ ಬಿದ್ದು ಯಲ್ಲಾಪುರದ ಒಬ್ಬ ಹುಡುಗ ಮೈದಾನದಲ್ಲೇ ಮೂರ್ಛೆ ಹೋಗಿದ್ದನಂತೆ. ಆಟ ನಿಂತರೂ ಬಲಗೈ ನಿಲ್ಲಲಿಲ್ಲ.

ಆ ಕೈಯನ್ನು ನಾನು ಕಣ್ಣಾರೆ ಕಂಡದ್ದು ಶಿರಸಿಯ ಬಸ್ ನಿಲ್ದಾಣದಲ್ಲಿ. ಕಬಡ್ಡಿ ತಂಡವನ್ನು ಕರೆದುಕೊಂಡು ವಾಪಸು ಬರುತ್ತಿದ್ದೆವು. ಗಂಟು ಹೊತ್ತ ಮುದುಕಿಯೊಬ್ಬಳು ಮೆಟ್ಟಿಲು ಹತ್ತುತ್ತಿದ್ದಳು. ಜಾಗ ಇಲ್ಲ ಎಂದು ಕಂಡಕ್ಟರ್ ಅವಳ ಭುಜ ಹಿಡಿದು ಕೆಳಗೆ ತಳ್ಳಿದ. ಗಂಟು ಒಂದು ಕಡೆ, ಮುದುಕಿ ಒಂದು ಕಡೆ. ಮಾಬ್ಲಣ್ಣ ಕಂಡಕ್ಟರನ ಕೊರಳಪಟ್ಟಿ ಹಿಡಿದು ಇಳಿಸಿ ಕೆನ್ನೆಗೆ ಬಿಟ್ಟ ಪೆಟ್ಟಿಗೆ ಆ ಮನುಷ್ಯ ಒಂದು ಸುತ್ತು ತಿರುಗಿ ಬಸ್ಸಿನ ಮೈಗೆ ಹಣೆ ಬಡಿದುಕೊಂಡ. ಡ್ರೈವರ್ ಜಾಕಿಯ ಸಲಾಕೆ ಹಿಡಿದು ಬಂದ. ಅದರ ಒಂದೇಟು ಮಾಬ್ಲಣ್ಣನ ತುಟಿಗೆ ಬಿತ್ತು. ಬಿಳಿ ಅಂಗಿಯ ತುಂಬ ರಕ್ತ. ಅವನು ಸಲಾಕೆ ಕಿತ್ತುಕೊಂಡು ಬಸ್ಸಿನ ಹೆಡ್‌ಲೈಟಿಗೆ ಬೀಸಿದ. ಬಸ್ಸು ಅಲ್ಲಿಗೇ ರದ್ದಾಯಿತು. ಕಡೆಗೆ ಮುದುಕಿಯೇ ಅವನಿಗೆ ಹಿಡಿ ಶಾಪ ಹಾಕಿದಳು: ನಿಂತುಕೊಂಡಾದರೂ ಹೋಗುತ್ತಿದ್ದೆ, ಈಗ ಅದೂ ಇಲ್ಲ. ಒಡೆದ ತುಟಿಯಲ್ಲೇ ಅವನು ನನ್ನ ಕಡೆ ನೋಡಿ, ‘ಅಕ್ಕೋರೇ, ಪೆಟ್ಟು ಬಿದ್ರೆ ಎಲ್ಲಾ ಸಮ ಆಗ್ತದೆ’ ಎಂದ. ಇದು ಅವನ ವೇದವಾಕ್ಯ. ಏನು ಸಮವಾಯಿತೋ ನನಗಂತೂ ತಿಳಿಯಲಿಲ್ಲ.

ಇಂಥವನ ಮನೆಯಲ್ಲಿ ಹೆಂಡತಿ ಹೇಗಿರಬಹುದು ಎಂಬ ಚಿಂತೆ ಯಾರಿಗಾದರೂ ಬರುವಂಥದ್ದೇ. ನನಗೆ ಮುಚ್ಚುಮರೆ ಬರುವುದಿಲ್ಲ. ನಿಮಗೂ ಹೊಡೀತಾರೇನು ಎಂದು ಅವನ ಹೆಂಡತಿ ಸುಶೀಲಕ್ಕನನ್ನು ನೇರವಾಗಿ ಕೇಳಿಬಿಟ್ಟೆ. ಅವಳು ಒಲೆಯ ಪಕ್ಕದ ಮಣ್ಣಿನ ಗೋಡೆ ತೋರಿಸಿದಳು. ಅಲ್ಲಿ ಮುಷ್ಟಿಯಗಲದ ಕುಳಿಗಳು. ಕೆಲವಕ್ಕೆ ಮಣ್ಣು ಮೆತ್ತಿ ಸಗಣಿ ಸಾರಿಸಿದ್ದಳು, ಒಂದೆರಡು ಹೊಸವು. ಅವಳ ಮೇಲೆ ಸಿಟ್ಟು ಬಂದಾಗಲೆಲ್ಲ ಅವನು ಗೋಡೆಗೆ ಗುದ್ದುತ್ತಿದ್ದನಂತೆ. ಗೋಡೆ ಇರುವವರೆಗೆ ತೊಂದರೆ ಇಲ್ಲ ಎಂದು ನಕ್ಕಳು. ನನಗೆ ನಗು ಬರಲಿಲ್ಲ. ಮಕ್ಕಳಿಲ್ಲದ ಆ ಮನೆಯಲ್ಲಿ ಅವಳಿಗಿದ್ದ ಹತ್ತಿರದ ಜೀವ ಇನ್ನೊಂದೇ, ಅವಳ ಅಣ್ಣ ಗಪ್ಪತಿ.

ಗಪ್ಪತಿ ಭಾವನಿಗೆ ಶಿರಸಿಯಲ್ಲಿ ಯಲ್ಲಾಪುರ ರಸ್ತೆಗೆ ಒಂದು ತಗಡಿನ ಶೆಡ್ಡು. ಪಂಪ್‌ಸೆಟ್ಟು, ಔಷಧಿ ಹೊಡೆಯುವ ಮಷಿನು, ಎಲ್ಲದರ ರಿಪೇರಿ. ಉದ್ದ ಕಾಲಿನ, ಸಾವಕಾಶದ ಮನುಷ್ಯ. ಎಂಜಿನ್ನಿಗೆ ಏನಾಗಿದೆ ಎಂದು ತಿಳಿಯಬೇಕಾದರೆ ಉದ್ದನೆಯ ಸ್ಕ್ರೂಡ್ರೈವರಿನ ತುದಿಯನ್ನು ಅದರ ಮೈಗೆ ಊರಿ, ಹಿಡಿಯನ್ನು ಎಡಗಿವಿಗೆ ಒತ್ತಿ ಕಣ್ಣು ಮುಚ್ಚಿ ಕೂರುತ್ತಿದ್ದ. ಆಮೇಲೆ ಒಂದು ಚೇಷ್ಟೆ ಮಾಡಿ, ಅದರ ಹಿಂದೆ ರೋಗ ಹೇಳುತ್ತಿದ್ದ. ಅವನೂ ಮಾಬ್ಲಣ್ಣನೂ ಕೂಡಿದರೆ ಭಾವ-ಭಾವ ಎಂದು ದಿನವಿಡೀ ಒಬ್ಬರ ಕಾಲು ಒಬ್ಬರು ಎಳೆಯುವುದೇ ಕೆಲಸ. ಇಡೀ ತಾಲ್ಲೂಕಿನಲ್ಲಿ ಮಾಬ್ಲಣ್ಣನನ್ನು ಎದುರಿಗೇ ಗೇಲಿ ಮಾಡಿ ಹಲ್ಲು ಉಳಿಸಿಕೊಂಡವನು ಅವನೊಬ್ಬನೇ.

ಇನ್ನು ಆ ಮಷಿನಿನ ಸಮಾಚಾರ. ಯಲ್ಲಾಪುರದ ಕಡೆ ಅಣೆಕಟ್ಟು ಕೆಲಸದವರ ಒಂದು ಕಾಲನಿ ಖಾಲಿಯಾದಾಗ ಅಲ್ಲಿನ ಸಾಮಾನು ಹರಾಜಿಗೆ ಬಂತು. ಅದರಲ್ಲಿ ಕೂತು ಓಡಿಸುವ ಹುಲ್ಲಿನ ಮಷಿನು ಒಂದಿತ್ತು. ಸಣ್ಣ ಟ್ರ್ಯಾಕ್ಟರಿನ ಹಾಗೆ ನಾಲ್ಕು ಗಾಲಿ, ಹೊಟ್ಟೆಯ ಕೆಳಗೆ ಮಗುಚಿದ ಬಾಣಲೆಯಂಥ ತಗಡು, ಅದರೊಳಗೆ ಗಿರಗಿರ ತಿರುಗುವ ಎರಡು ಬ್ಲೇಡು. ನಮ್ಮ ಕಮಿಟಿಯವರು ಅದನ್ನು ಹಿಡಿದು ಲಾರಿಯಲ್ಲಿ ತಂದು ಮೈದಾನದಲ್ಲಿ ಇಳಿಸಿದರು. ಮಳೆಗಾಲ ಮುಗಿಯುವಷ್ಟರಲ್ಲಿ ನಮ್ಮ ಮೈದಾನದಲ್ಲಿ ಎಮ್ಮೆ ಮಲಗಿದರೂ ಕಾಣುತ್ತಿರಲಿಲ್ಲ. ಆಳುಗಳು ಕತ್ತಿಯಲ್ಲಿ ಒಮ್ಮೆ ಸವರಿದ ಮೇಲೆ ಮಾಬ್ಲಣ್ಣ ಮಷಿನು ಹತ್ತಿ ಕೂರುತ್ತಿದ್ದ. ಆಗ ಅವನ ಮುಖ ನೋಡಬೇಕಿತ್ತು, ಮದುವಣಿಗನೇ! ಗೇರು ಬೀಳದಿದ್ದರೆ ಮಾತ್ರ ಸ್ಪ್ಯಾನರಿನಿಂದ ಅದಕ್ಕೂ ತಪ್ಪದೆ ಏಟು.

ಆಯುಧಪೂಜೆಗೆ ಅವನದೇ ಒಂದು ಪದ್ಧತಿ. ಊರಿನವರೆಲ್ಲ ಗಾಲಿಯ ಕೆಳಗೆ ನಿಂಬೆಹಣ್ಣು ಇಟ್ಟು ಗಾಡಿ ಹತ್ತಿಸುತ್ತಾರೆ, ಕಾಯಿಯನ್ನು ಕಲ್ಲಿಗೆ ಒಡೆಯುತ್ತಾರೆ. ಮಾಬ್ಲಣ್ಣನಿಗೆ ಅದು ಸಾಲದು. ಕೊಯ್ಯುವ ಮಷಿನಿಗೆ ಕೊಯ್ಯಲಿಕ್ಕೇ ಕೊಡಬೇಕು ಎಂದು ಅವನ ವಾದ. ಜುಟ್ಟು ಬಿಟ್ಟು ಸುಲಿದ ತೆಂಗಿನಕಾಯಿಗೆ ಅರಿಶಿನ ಕುಂಕುಮ ಹಚ್ಚಿ ಮೈದಾನದ ನಡುವೆ ಇಟ್ಟು, ಬ್ಲೇಡು ಪೂರಾ ವೇಗದಲ್ಲಿ ತಿರುಗಿಸುತ್ತ ಅದರ ಮೇಲೆ ಹಾಯಿಸಿದ. ಢಮ್ ಎಂದು ಸದ್ದು. ಬದಿಯ ಬಾಯಿಂದ ಚಿಪ್ಪಿನ ಚೂರು ಕೋವಿಯ ಚರೆಯಂತೆ ಹಾರಿದವು. ಒಂದು ಚೂರು ಹೆಡ್‌ಮಾಸ್ತರರ ಮೊಣಕಾಲು ಸೀಳಿ ರಕ್ತ ಬಂತು. ದೇವಿಗೆ ರಕ್ತದ ಕಾಣಿಕೆಯೂ ಸಂದಿತು ಎಂದು ಮಾಬ್ಲಣ್ಣ ಕೇಕೆ ಹಾಕಿದ, ಮಕ್ಕಳೆಲ್ಲ ಚಪ್ಪಾಳೆ ತಟ್ಟಿದರು. ಹಿಂದಿನ ದಿನವಷ್ಟೇ ಗಪ್ಪತಿ ಭಾವ ಬಂದು ಬ್ಲೇಡುಗಳನ್ನು ಸಾಣೆ ಹಿಡಿದು ಕೂರಿಸಿ ಹೋಗಿದ್ದ. ಪೂಜೆಯ ದಿನ ಅವನು ಶಿರಸಿಯಲ್ಲಿ ತನ್ನ ಶೆಡ್ಡಿನಲ್ಲೇ ಇದ್ದ.

ಆ ವರ್ಷ ತಾಲ್ಲೂಕು ಮಟ್ಟದ ಕ್ರೀಡಾಕೂಟ ಮೊದಲ ಸಲ ನಮ್ಮ ಶಾಲೆಗೆ ಬಂದಿತ್ತು. ನವರಾತ್ರಿ ಮುಗಿಸಿ ಮಾಬ್ಲಣ್ಣ ಹುಲ್ಲು ಹೊಡೆಯಲು ಇಳಿದರೆ, ಮೈದಾನ ಕ್ಷೌರದಂಗಡಿಯಿಂದ ಅರ್ಧಕ್ಕೇ ಎದ್ದುಬಂದ ಗಿರಾಕಿಯ ತಲೆಯಂತೆ ಕಾಣತೊಡಗಿತು. ಮಷಿನು ಹೋದ ದಾರಿಯಲ್ಲಿ ಎಡಕ್ಕೆ ನುಣ್ಣಗೆ, ಬಲಕ್ಕೆ ನಾಲ್ಕು ಬೆರಳಿನ ಮೋಟು. ಓಡುವ ಮಕ್ಕಳು ಎಡವಿ ಬಿದ್ದರೆ ಬಯ್ಗುಳ ತಿನ್ನುವವಳು ನಾನು. ಗಾಲಿಯ ಗಾಳಿ ನೋಡಿದೆವು. ಒಂದು ಚಕ್ರ ಕೂತಿದ್ದರೂ ಮಷಿನು ವಾಲುತ್ತದೆ. ಗಾಳಿ ಸರಿ ಇತ್ತು. ತಗಡಿನೊಳಗೆ ಮೆತ್ತಿದ ಹಸಿ ಹುಲ್ಲನ್ನು ಕೆರೆದು ತೆಗೆದೆವು. ಸಿಮೆಂಟಿನ ಜಗಲಿಯ ಮೇಲೆ ನಿಲ್ಲಿಸಿ, ಫುಟ್‌ಪಟ್ಟಿ ಹಿಡಿದು ತಗಡಿನ ಅಂಚು ಎರಡೂ ಬದಿಗೆ ನೆಲದಿಂದ ಒಂದೇ ಎತ್ತರ ಇದೆಯೇ ಅಳೆದೆವು. ಸ್ವಲ್ಪ ಹೆಚ್ಚುಕಡಿಮೆ ಇತ್ತು, ಬೋಲ್ಟು ತಿರುಗಿಸಿ ಸಮ ಮಾಡಿದೆವು. ಬೆಲ್ಟು ಬದಲಿಸಿದೆವು. ಮೆಲ್ಲಗೆ ಓಡಿಸಿರಿ ಎಂದೆ. ಜನ್ಮದಲ್ಲಿ ಮೊದಲ ಸಲ ಮಾಬ್ಲಣ್ಣ ಮೆಲ್ಲಗೆ ಓಡಿಸಿದ. ಆದರೂ ಅದೇ ಮೋಟು. ಅವನ ಕತ್ತಿನ ನರ ಉಬ್ಬುತ್ತಿದ್ದುದನ್ನು ನೋಡಿ ನನಗೇ ಹೆದರಿಕೆಯಾಯಿತು.

ಕ್ರೀಡಾಕೂಟ ತೀರ ಹತ್ತಿರ ಬಂದಾಗ ಗಪ್ಪತಿ ಭಾವನಿಗೆ ಹೇಳಿಕಳಿಸಿದೆವು. ಅವನು ಬಂದಾಗ ಮೈದಾನದ ತುಂಬ ಜನ. ಕಮಿಟಿಯವರು, ಬೇರೆ ಶಾಲೆಯ ಮಾಸ್ತರುಗಳು, ಸುಣ್ಣದ ಗೆರೆ ಎಳೆಯುತ್ತಿದ್ದ ಆಳುಗಳು. ಗಪ್ಪತಿ ಮಷಿನು ಚಾಲೂ ಮಾಡಿಸಿ ಸ್ಕ್ರೂಡ್ರೈವರನ್ನು ಎಡಗಿವಿಗೆ ಹಚ್ಚಿ ಕೂತ. ಬಹಳ ಹೊತ್ತು ಕೇಳಿದ. ಬಲಬದಿಯ ಬ್ಲೇಡು ಏನೋ ಸರಿ ಇಲ್ಲ, ಮಷಿನು ಮಗುಚಿ ಬಿಚ್ಚಿ ನೋಡೋಣ ಎಂದ. ಕಲ್ಲಿಗೆ ಎಲ್ಲಾದರೂ ಹೊಡೆದಿದ್ದೆಯಾ ಎಂದು ಕೇಳಿದ. ಕಲ್ಲಿಗೆ ತಾಗಿಸಿಲ್ಲ ಎಂದು ಮಾಬ್ಲಣ್ಣ ದೇವರ ಮೇಲೆ ಆಣೆಯಿಟ್ಟ, ಅದು ನಿಜವೂ ಆಗಿತ್ತು. ಪೂಜೆಯ ಕಾಯಿ ಯಾರ ನೆನಪಿಗೂ ಬರಲಿಲ್ಲ. ದೇವರಿಗೆ ಕೊಟ್ಟದ್ದನ್ನು ಮಷಿನಿಗೆ ಬಿದ್ದ ಪೆಟ್ಟು ಎಂದು ಯಾರು ಎಣಿಸುತ್ತಾರೆ?

‘ನೀನೇ ಹಾಕಿದ್ದು. ಈಗ ನೀನೇ ಬಿಚ್ಚು ಅಂತ ಹೇಳ್ತೆ?’ ಎಂದು ಮಾಬ್ಲಣ್ಣ ಗುಡುಗಿದ. ಗಪ್ಪತಿ ತಪ್ಪಾಗಿ ಕೂರಿಸಿದ್ದಾನೆ, ಈಗ ಅದನ್ನು ಮುಚ್ಚಿಹಾಕಲು ನೋಡುತ್ತಿದ್ದಾನೆ ಎಂದು ಅವನ ತಲೆಗೆ ಹೊಕ್ಕಿತ್ತು. ಗಪ್ಪತಿ ಬೇರೆ ದಿನಗಳ ಹಾಗೆಯೇ ಕವಳ ಉಗಿದು, ಸುತ್ತ ನೆರೆದವರನ್ನು ಒಮ್ಮೆ ನೋಡಿ, ಮೆಲ್ಲಗೆ ಅಂದ:

‘ಭಾವ, ಈ ಮಷಿನು ನಿನ್ನ ಹಾಂಗೇ ಆಜು. ಒಂದು ಬದಿ ಬೋಳು, ಒಂದು ಬದಿ ಜುಟ್ಟು.’

ಎಲ್ಲರೂ ನಕ್ಕರು. ನಾನೂ ನಕ್ಕೆ. ನಗು ಮುಗಿಯುವ ಮೊದಲೇ ಮಾಬ್ಲಣ್ಣನ ಬಲಗೈ ಮೇಲೆದ್ದು ಇಳಿಯಿತು. ವಾಲಿಬಾಲಿನ ಆ ಹಳೆಯ ಸ್ಮ್ಯಾಷೇ. ಅಂಗೈ ಪೂರಾ ಗಪ್ಪತಿಯ ಎಡಗಿವಿಯ ಮೇಲೆ ಬಿತ್ತು. ಹಲಗೆ ಮುರಿದಂಥ ಸದ್ದು. ಅವನು ಮಷಿನಿನ ಮೇಲೆ ಬಿದ್ದು, ಅಲ್ಲಿಂದ ಸುಣ್ಣದ ಗೆರೆಯ ಮೇಲೆ ಉರುಳಿದ. ಮಾಬ್ಲಣ್ಣ ಅಷ್ಟಕ್ಕೇ ಬಿಡದೆ ಎದೆಯ ಮೇಲೆ ಕೂತು ಇನ್ನೊಂದು, ಮತ್ತೊಂದು. ನಾನು ಅವನ ಜುಟ್ಟು ಹಿಡಿದು ಜಗ್ಗಿದೆ, ಸೀಟಿ ಊದಿದೆ, ನಮ್ಮ ಕಡೆಯ ಇದ್ದಬದ್ದ ಬಯ್ಗುಳವನ್ನೆಲ್ಲ ಬಯ್ದೆ. ನಾಲ್ಕು ಜನ ಸೇರಿ ಎಳೆದ ಮೇಲೆ ಬಿಟ್ಟ. ಗಪ್ಪತಿಯ ಕಿವಿಯಿಂದ ರಕ್ತ ಇಳಿದು ಬಿಳಿ ಸುಣ್ಣ ಕೆಂಪಾಯಿತು.

ಸಿದ್ದಾಪುರದ ಡಾಕ್ಟರಿಗೆ ಗಪ್ಪತಿ ಏನು ಹೇಳಿದ ಗೊತ್ತೇ? ಮರದಿಂದ ತೆಂಗಿನಕಾಯಿ ಬಿತ್ತು ಅಂದ. ಪೊಲೀಸರಿಗೆ ತಿಳಿಸಬೇಕು ಎಂದು ನಾನು ಹಟ ಹಿಡಿದೆ. ಅವನು ಕೈ ಅಡ್ಡ ಮಾಡಿದ. ಕಿವಿಯ ತಮಟೆ ಒಡೆದದ್ದಷ್ಟೇ ಅಲ್ಲ, ಒಳಗೂ ಹಾಳಾಗಿದೆ, ಆ ಕಿವಿ ಇನ್ನು ಕೇಳುವುದಿಲ್ಲ ಎಂದು ಡಾಕ್ಟರು ಹೇಳಿದರು. ನಾವು ಹೊರಗೆ ಬರುವಾಗ ಸುಶೀಲಕ್ಕ ಆಸ್ಪತ್ರೆಯ ಮೆಟ್ಟಿಲ ಮೇಲಿದ್ದಳು, ಕೈಯಲ್ಲಿ ಬಟ್ಟೆಯ ಚೀಲ. ನನಗೆ ಮಾತ್ರ ಕೇಳುವಂತೆ ಹೇಳಿದಳು: ‘ಇಷ್ಟು ವರ್ಷ ಗೋಡೆಗೆ ಬೀಳ್ತಿತ್ತು ಅಕ್ಕೋರೆ. ಇವತ್ತು ಅಣ್ಣಂಗೆ ಬಿತ್ತು. ನಾಳೆ ನಂಗೆ.’ ಗೇಟಿನ ಹೊರಗೆ ನಿಂತಿದ್ದ ಗಂಡನ ಮುಂದೆ ಹಾದುಹೋಗುವಾಗ ಒಂದೇ ಮಾತು, ‘ಅಣ್ಣನ ಕಿವಿ ಕೇಳಿದ ದಿನ ಬತ್ತೆ.’ ಅಣ್ಣನ ಕೈ ಹಿಡಿದುಕೊಂಡು ಶಿರಸಿ ಬಸ್ಸು ಹತ್ತಿದಳು.

ಮರುದಿನ ಮಾಬ್ಲಣ್ಣ ಒಬ್ಬನೇ ಮಷಿನು ಮಗುಚಲು ಒದ್ದಾಡುತ್ತಿದ್ದ. ನನಗೆ ಅವನ ಮುಖ ನೋಡುವ ಮನಸ್ಸಿರಲಿಲ್ಲ, ಆದರೆ ಮೈದಾನ ನನ್ನದು. ಹೋಗಿ ಕೈಜೋಡಿಸಿದೆ, ಆಳುಗಳೂ ಬಂದರು. ತಗಡು ಮೇಲಾಯಿತು. ಬಲಬದಿಯ ಬ್ಲೇಡಿನ ಒಂದು ತುದಿ ಬೆರಳು ದಪ್ಪದಷ್ಟು ಮೇಲಕ್ಕೆ ಬಗ್ಗಿತ್ತು. ಅದು ತಿರುಗುವ ದಂಡಕ್ಕೆ ತೆಂಗಿನ ನಾರು ಬಿಗಿಯಾಗಿ ಸುತ್ತಿಕೊಂಡಿತ್ತು. ಸಂದಿಯಲ್ಲಿ ಒಂದು ಚಿಪ್ಪಿನ ಚೂರು, ಅದರ ಮೇಲೆ ಇನ್ನೂ ಮಾಸದ ಕುಂಕುಮ.

ಮಾಬ್ಲಣ್ಣ ಅದನ್ನು ಉಗುರಿನಿಂದ ಎಬ್ಬಿಸಿ ಅಂಗೈಯಲ್ಲಿ ಇಟ್ಟುಕೊಂಡ. ಎದ್ದು ಮಾವಿನ ಮರದ ಹತ್ತಿರ ಹೋದ. ಗಂಟೆ ಹೊಡೆಯುತ್ತಾನೇನೋ ಅಂದುಕೊಂಡೆ. ಬಲಗೈಯನ್ನು ರೈಲು ಹಳಿಯ ಮೇಲೆ ಚಾಚಿ, ಎಡಗೈಯ ಸುತ್ತಿಗೆ ಎತ್ತಿ ಒಂದೇ ಏಟು ಹಾಕಿದ. ಮಕ್ಕಳು ಗಂಟೆಯಾಯಿತೆಂದು ತರಗತಿಯಿಂದ ಹೊರಗೆ ಓಡಿ ಬಂದರು. ಎರಡು ಬೆರಳು ಜಜ್ಜಿ ಎಲುಬು ಕಾಣುತ್ತಿತ್ತು. ಅಯ್ಯೋ ನಿಮ್ಮ ಸಿಟ್ಟಿಗೆ ಬೆಂಕಿ ಹಾಕ ಎಂದು ಅಳುತ್ತಲೇ ನನ್ನ ಸೆರಗು ಸುತ್ತಿದೆ. ಕೋಪದಲ್ಲಿ ಕೊಯ್ದ ಮೂಗು ಶಾಂತವಾದ ಮೇಲೆ ಬಂದೀತೇ? ಕೈ ಜಜ್ಜಿಕೊಂಡರೆ ಕಿವಿ ಬಂದೀತೇ?

ಕೈಗೆ ಪಟ್ಟಿ ಕಟ್ಟಿಸಿಕೊಂಡು, ಬಗ್ಗಿದ ಬ್ಲೇಡನ್ನು ಪೇಪರಿನಲ್ಲಿ ಸುತ್ತಿ, ಅಕ್ಕೋರೇ ನೀವೂ ಬನ್ನಿ, ಒಬ್ಬನೇ ಹೋಗಲಾರೆ ಎಂದ. ಹೋದೆ. ಗಪ್ಪತಿ ಶೆಡ್ಡಿನ ಬಾಗಿಲಲ್ಲಿ ಕೂತಿದ್ದ, ತಲೆಗೆ ಬಟ್ಟೆ ಸುತ್ತಿತ್ತು. ಮಾಬ್ಲಣ್ಣ ಬ್ಲೇಡನ್ನೂ ಚಿಪ್ಪಿನ ಚೂರನ್ನೂ ಅವನ ಮುಂದಿಟ್ಟು, ನೆಲ ನೋಡುತ್ತ ಏನೋ ಹೇಳತೊಡಗಿದ. ಗಪ್ಪತಿ ತನ್ನ ಬಲಗಿವಿ ಮುಟ್ಟಿ ತೋರಿಸಿದ. ‘ಈ ಬದಿಂದ ಹೇಳು ಭಾವ. ಆ ಬದಿಗೆ ಎಂತದೂ ಕೇಳ್ತಿಲ್ಲೆ.’

ಮಾಬ್ಲಣ್ಣ ಈಚೆ ಬದಿಗೆ ಬಂದು ಮಂಡಿಯೂರಿ ಕೂತ. ‘ಹೊಡಿ ಭಾವ. ಒಂದು ಹೊಡಿ. ಸಮ ಆಗ್ಲಿ.’

ಗಪ್ಪತಿ ಅವನನ್ನು ನೋಡಲಿಲ್ಲ, ಬ್ಲೇಡು ಎತ್ತಿ ಅದರ ಬಾಗನ್ನು ನೋಡಿದ. ನಾಲ್ಕು ಸುತ್ತಿಗೆ ಪೆಟ್ಟು ಹಾಕಿದರೆ ನೆಟ್ಟಗಾಗುತ್ತದಲ್ಲ ಎಂದು ನಾನು ಬಾಯಿ ಹಾಕಿದೆ. ಅವನು ತಲೆ ಅಲ್ಲಾಡಿಸಿ ಮಾಬ್ಲಣ್ಣನಿಗೇ ಹೇಳಿದ: ‘ಬಡಿದ್ರೆ ನೆಟ್ಟಗೆ ಕಾಣ್ತು. ಸಮ ಆಗ್ತಿಲ್ಲೆ. ಒಳಗೆ ಬಿರುಕು ಇರ್ತು. ತಿರುಗಕಾರೆ ತುಂಡಾಗಿ ಹಾರಿ ಯಾರದ್ದಾದ್ರೂ ಕಾಲು ಕೊಯ್ತು.’ ಬಗ್ಗಿದ್ದನ್ನು ಗುಜರಿಯ ರಾಶಿಗೆ ಎಸೆದು, ಒಳಗಿಂದ ಬೇರೆ ಬ್ಲೇಡು ತಂದುಕೊಟ್ಟ. ಹೊಡೆಯುವ ವಿಷಯಕ್ಕೆ, ‘ಇರ್ಲಿ ಭಾವ, ಅವಸರ ಎಂತದು?’ ಎಂದಷ್ಟೇ ಅಂದ. ಸುಶೀಲಕ್ಕ ಒಳಗಿನಿಂದ ಬಾಗಿಲವರೆಗೆ ಬಂದು, ಗಂಡನ ಕೈಯ ಪಟ್ಟಿ ನೋಡಿ, ಮತ್ತೆ ಒಳಗೆ ಹೋದಳು.

ಕ್ರೀಡಾಕೂಟಕ್ಕೆ ಮೈದಾನ ಚಾಪೆ ಹಾಸಿದಂತಿತ್ತು. ಎಲ್ಲರೂ ಹೊಗಳಿದರು. ಮಾಬ್ಲಣ್ಣ ಅವತ್ತು ಎಡಗೈಯಲ್ಲಿ ಗಂಟೆ ಬಾರಿಸಿದ, ಎಷ್ಟು ಮೆಲ್ಲಗೆಂದರೆ ನಾನೇ ಸೀಟಿ ಊದಬೇಕಾಯಿತು.

ಅದಾದ ಮೇಲೆ ಅವನು ಹುಲ್ಲಿನಂತೆ ಮೆತ್ತಗಾದ ಎಂದು ಬರೆದರೆ ಸುಳ್ಳಾಗುತ್ತದೆ. ಸಿಟ್ಟು ಬರುತ್ತಲೇ ಇತ್ತು. ಮುದುರಿದ ಬೆರಳುಗಳ ಆ ಕೈಯನ್ನು ಎಡಗೈಯಲ್ಲಿ ಬಿಗಿಯಾಗಿ ಹಿಡಿದುಕೊಂಡು ನಿಲ್ಲುತ್ತಿದ್ದ. ನೋಡಿದವರಿಗೆ ಹಿಂದಿಗಿಂತ ಹೆಚ್ಚು ಹೆದರಿಕೆ. ಭಾನುವಾರ ಬಂತೆಂದರೆ ಶಿರಸಿಗೆ ಹೊರಡುತ್ತಿದ್ದ. ಗಪ್ಪತಿಗೆ ಬಲಗಿವಿಯಲ್ಲಿ ಮಷಿನಿನ ಸದ್ದು ಹಿಡಿಯಲು ಒಗ್ಗಲಿಲ್ಲ. ಅದಕ್ಕೆ ಮಾಬ್ಲಣ್ಣನೇ ಸ್ಕ್ರೂಡ್ರೈವರನ್ನು ತನ್ನ ಕಿವಿಗೆ ಹಚ್ಚಿ, ಕೇಳಿದ್ದನ್ನು ಭಾವನ ಬಲಗಿವಿಗೆ ಬಾಯಿಟ್ಟು ಹೇಳುತ್ತಿದ್ದ: ಟಿಕ್‌ಟಿಕ್ ಅನ್ನುತ್ತದೆ, ಕೊರ್ ಅನ್ನುತ್ತದೆ, ಈಗ ನಿಂತಿತು. ಗಪ್ಪತಿ ಕಣ್ಣು ಮುಚ್ಚಿ ಕೇಳಿ ರೋಗ ಹೇಳುತ್ತಿದ್ದ. ಸಂಜೆ ಹೊರಡುವಾಗ ಮಾಬ್ಲಣ್ಣ ಕೆನ್ನೆ ಚಾಚಿ ‘ಹೊಡಿ ಭಾವ’ ಎನ್ನುವುದು, ಅವನು ‘ಇರ್ಲಿ ಭಾವ’ ಎನ್ನುವುದು. ಸುಶೀಲಕ್ಕ ಚಹದ ಲೋಟವನ್ನು ಗಂಡನ ಮುಂದೆ ಮಾತಿಲ್ಲದೆ ಇಟ್ಟು ಹೋಗುತ್ತಿದ್ದಳು. ಎಷ್ಟೋ ವರ್ಷ ಹೀಗೇ ನಡೆಯಿತು, ಅವಳು ಮಾತ್ರ ಆ ಮನೆಗೆ ಕಾಲಿಡಲಿಲ್ಲ. ನಾನು ಒಮ್ಮೆ ಅವಳ ಹತ್ತಿರ ವಾದಕ್ಕೆ ಹೋದೆ. ಕಿವಿ ಬಂತೇ ಎಂದು ಕೇಳಿದಳು.

ನನಗೆ ಯಲ್ಲಾಪುರಕ್ಕೆ ವರ್ಗವಾಯಿತು. ಬೀಳ್ಕೊಡುವ ದಿನ ಮಾಬ್ಲಣ್ಣ ಮಷಿನು ಓಡಿಸುತ್ತಿದ್ದ. ನಿಲ್ಲಿಸದೆ, ಮೊಂಡು ಕೈ ಎತ್ತಿ ತೋರಿಸಿದ. ಅದೇ ಕಡೆಯ ಭೇಟಿ. ಮುಂದಿನ ನವರಾತ್ರಿಯ ಹೊತ್ತಿಗೆ ನನ್ನ ಹೊಸ ಶಾಲೆಗೆ ಫೋನು ಬಂತು. ಮಾಬ್ಲಣ್ಣ ಹುಲ್ಲು ಹೊಡೆಯುತ್ತಿದ್ದಾಗಲೇ ಎದೆ ಹಿಡಿದು ಸ್ಟಿಯರಿಂಗಿನ ಮೇಲೆ ಒರಗಿದನಂತೆ. ಮಷಿನು ಅವನನ್ನು ಹೊತ್ತುಕೊಂಡೇ ಮೈದಾನ ದಾಟಿ, ಕಂಪೌಂಡು ಗೋಡೆಗೆ ಗುದ್ದಿ ನಿಂತಿತಂತೆ. ಹಣೆ ಒಡೆದಿತ್ತು. ಜನ ಬರುವಾಗ ಎಂಜಿನ್ನು ಇನ್ನೂ ಓಡುತ್ತಿತ್ತು.

ಸಿಕ್ಕ ಬಸ್ಸು ಹತ್ತಿದೆ. ಶಿರಸಿಯಲ್ಲಿ ಗಪ್ಪತಿಯೂ ಸುಶೀಲಕ್ಕನೂ ಹತ್ತಿದರು. ಅವಳ ಕೈಯಲ್ಲಿ ಅದೇ ಬಟ್ಟೆಯ ಚೀಲ.

ಅಂಗಳದಲ್ಲಿ ಅವನನ್ನು ಮಲಗಿಸಿದ್ದರು. ಒಡೆದ ಹಣೆಗೆ ಯಾರೋ ಭಸ್ಮ ಒತ್ತಿದ್ದರು. ಹೊರಡಿಸುವ ಅವಸರದಲ್ಲಿ ಎಲ್ಲರೂ ಓಡಾಡುತ್ತಿದ್ದರು. ಗಪ್ಪತಿ ನೇರ ಹೋಗಿ ಪಕ್ಕದಲ್ಲಿ ಕೂತ. ಭಾವನ ಮುಖ ನೋಡಿದ, ಜಜ್ಜಿದ ಬೆರಳು ಸವರಿದ. ಆಮೇಲೆ ಬದುಕಿನಲ್ಲಿ ಇರುವೆಗೂ ಕೈ ಎತ್ತದ ಆ ಮನುಷ್ಯ, ನಮ್ಮೆಲ್ಲರ ಎದುರಿಗೆ ಕೈ ಎತ್ತಿ ಹೆಣದ ಕೆನ್ನೆಗೆ ಛಟೀರೆಂದು ಹೊಡೆದ.

‘ತಗ ಭಾವ. ಈಗ ಸಮ ಆತಾ?’

ಅವನು ಮತ್ತೆ ಹೊಡೆದ, ಅಳುತ್ತ ಇನ್ನೊಮ್ಮೆ ಕೈ ಎತ್ತಿದ. ಎಷ್ಟೋ ವರ್ಷದ ಮೇಲೆ ತನ್ನ ಮನೆಯ ಅಂಗಳಕ್ಕೆ ಬಂದಿದ್ದ ಸುಶೀಲಕ್ಕ ಚೀಲ ಕೆಳಗಿಟ್ಟು ಮುಂದೆ ಬಂದು ಅಣ್ಣನ ಕೈ ಹಿಡಿದುಕೊಂಡಳು. ಅವನಿಗೆ ಕೇಳಲೆಂದು ಬಲಗಿವಿಯ ಬದಿಗೆ ಸರಿದು, ಬಗ್ಗಿ ಹೇಳಿದಳು:

‘ಸಾಕೋ ಅಣ್ಣ. ಅವ್ಕೆ ನೋವಾಗ್ತು.’